ಅಕ್ಕನ ಹೆಸರಿನ ಪಿತ್ತಕೋಶ

ಅವಳ ಹೆಸರಿನಲ್ಲಿ ಕಾರ್ಡ್ ಇರಲಿಲ್ಲ. ಇದ್ದ ವಿಷಯ ಇಷ್ಟೇ, ಒಂದು ಸಾಲು, ಹೇಳಿದರೆ ಒಂದು ಉಸಿರು, ಆದರೂ ಗೋಡೆಯ ಮೇಲಿನ ಕೆಂಪು ಅಂಕಿ ನಲವತ್ತೆಂಟರಿಂದ ನಲವತ್ತೊಂಬತ್ತಕ್ಕೆ ಹಾರಿದಾಗ ಕೈಯಲ್ಲಿದ್ದ ಚೀಟಿಯನ್ನು ಇನ್ನೊಂದು ಸಲ ನೋಡಿಕೊಂಡಳು, ನಂಬರು ಐವತ್ತಾರು, ಇನ್ನು ಏಳು, ಚೀಟಿ ಬೆವರಿಗೆ ನೆನೆದು ಹಳೆಯ ದಿಂಬಿನ ಚೀಲದಂತೆ ಮೆತ್ತಗಾಗಿದೆ — ಆಸ್ಪತ್ರೆಯ ಕಾರ್ಡು ವಿಭಾಗದ ಈ ಹಾಲಿನಲ್ಲಿ ಮೂರು ಫ್ಯಾನು, ತಿರುಗುವುದು ಒಂದು, ಅದರ ಕೆಳಗಿನ ಬೆಂಚಿಗೇ ಎಲ್ಲರ ನೂಕಾಟ, ಅವಳು ತಿರುಗದ ಫ್ಯಾನಿನ ಕೆಳಗೆ ಕೂತಿದ್ದಾಳೆ, ಹೋದ ಸಲವೂ ಇಲ್ಲೇ ಕೂತದ್ದು, ಹೋದ ಸಲ ಪಕ್ಕದಲ್ಲಿ ಅಕ್ಕ ಇದ್ದಳು. ಈಗ ಪಕ್ಕದಲ್ಲಿ ಒಬ್ಬ ಮುದುಕ, ಎಕ್ಸ್‌ರೇ ಕವರನ್ನೇ ಬೀಸಣಿಗೆ ಮಾಡಿಕೊಂಡಿದ್ದಾನೆ, ಅವನ ಎದೆಗೂಡಿನ ಗಾಳಿ ಇವಳ ಮುಖಕ್ಕೂ ಬರುತ್ತಿದೆ. ಅಕ್ಕ ಸತ್ತು ಹದಿನೆಂಟು ದಿನ. ಅಕ್ಕನ ಕಾರ್ಡು ಸತ್ತಿಲ್ಲ, ಅದಕ್ಕೆ ಬೀಗ ಬಿದ್ದಿದೆ, ಕಂಪ್ಯೂಟರಿನವರ ಬೀಗ, ಕಣ್ಣಿಗೆ ಕಾಣುವಂಥದ್ದಲ್ಲ, ಮತ್ತು ಅದು ಬರೀ ಅಕ್ಕನದಲ್ಲ, ಮನೆಗೆಲ್ಲ ಒಂದೇ ಕಾರ್ಡು, ಭಾವನೂ ಅದರಲ್ಲೇ, ಬರುವ ಸೋಮವಾರ ಭಾವನ ಕಾಲಿನ ಎರಡು ಬೆರಳು ತೆಗೆಯಬೇಕು, ಸಕ್ಕರೆ ಕಾಯಿಲೆಯ ಹುಣ್ಣು, ಬೆರಳು ಕಪ್ಪಾಗಿವೆ, ತಡವಾದರೆ ಪಾದ, ಇನ್ನೂ ತಡವಾದರೆ ಮೊಣಕಾಲು ಅಂತ ಡಾಕ್ಟರು, ಬಸ್ ಕಂಡಕ್ಟರು ಸ್ಟಾಪು ಕೂಗಿದ ಹಾಗೆ, ಹೇಳಿದ್ದಾರೆ. ಬೀಗ ತೆಗೆಯಬೇಕಾದರೆ ಯಾರಾದರೂ ಬಂದು ನಿಜ ಹೇಳಬೇಕು. ನಿಜ ಗೊತ್ತಿದ್ದವರು ಮೂವರು, ಈಗ ಇಬ್ಬರು, ಅದರಲ್ಲಿ ಭಾವ ನಡೆಯಲಾರರು.

ನಿಜ ಎರಡು ವರ್ಷ ಹಳೆಯದು. ಲಾಂಡ್ರಿಯ ರೋಲರ್ ಯಂತ್ರದ ಮುಂದೆ ಹಸಿ ಚಾದರದ ಒಂದು ತುದಿ ಹಿಡಿದು ನಿಂತವಳು ಬಲ ಪಕ್ಕೆ ಒತ್ತಿಕೊಂಡು ಕುಸಿದಳು, ಇನ್ನೊಂದು ತುದಿ ಹಿಡಿದಿದ್ದವಳು ಮೊದಲು ಚಾದರ ಎಳೆದುಕೊಂಡು ಆಮೇಲೆ ಇವಳನ್ನು ಎಳೆದಳು, ತಪ್ಪಲ್ಲ, ಚಾದರ ಸುಟ್ಟರೆ ಕೇಳುವವರಿದ್ದಾರೆ. ಪಿತ್ತಕೋಶದಲ್ಲಿ ಕಲ್ಲು, ತೆಗೆಯಲೇಬೇಕು ಅಂದರು, ಕಾರ್ಡ್ ಇದ್ದರೆ ಖರ್ಚೆಲ್ಲಾ ಸರ್ಕಾರದ್ದೇ, ಕಾರ್ಡ್ ಇದೆಯೇನಮ್ಮ, ಇಲ್ಲ, ಯಾಕಿಲ್ಲ — ಯಾಕಿಲ್ಲ ಅಂದರೆ ಅವಳ ಹೆಸರು ಇನ್ನೂ ಗಂಡನ ಮನೆಯ ಪಟ್ಟಿಯಲ್ಲಿತ್ತು, ಗಂಡ ಬೇರೆಯವಳ ಜೊತೆ ಬೇರೆ ಊರು ಸೇರಿ ಆರು ವರ್ಷ, ಇವಳು ಒಂದು ಟ್ರಂಕು ಹೊತ್ತು ಹೊರಟು ಬಂದು ಐದೂವರೆ ವರ್ಷ, ಆದರೆ ಸರ್ಕಾರದ ಲೆಕ್ಕದಲ್ಲಿ ಅವಳು ಇನ್ನೂ ಅತ್ತೆಯ ಅಡುಗೆಮನೆಯಲ್ಲೇ ಇದ್ದಳು. ಅಲ್ಲಿಂದ ಹೆಸರು ತೆಗೆಸಿದರೆ ಮಾತ್ರ ಇಲ್ಲಿ ಹೊಸ ಕಾರ್ಡು. ತೆಗೆಸಲು ಮನೆಯ ಯಜಮಾನಿ ಅಂತ ಅತ್ತೆಯ ಸಹಿ ಬೇಕು. ಆ ಹೊಸಿಲು ಇನ್ನು ಮೆಟ್ಟಿದರೆ ನನ್ನನ್ನ ನಾಯಿ ಅನ್ನಿ ಅಂತ ಟ್ರಂಕು ಹೊರುವಾಗ ಬೀದಿಗೆಲ್ಲ ಕೇಳುವ ಹಾಗೆ ಹೇಳಿ ಬಂದಿದ್ದಳು, ಬೀದಿಯವರಿಗೆ ಅದು ಮರುದಿನಕ್ಕೇ ಮರೆತಿರಬೇಕು, ಇವಳಿಗೆ ಮರೆಯಲಿಲ್ಲ. ಒಂದು ಸಹಿಗೆ ಯಾಕೆ ಸಾಯ್ತೀಯೇ ಮೊಂಡಿ, ನಾನೂ ಬರ್ತೀನಿ ನಡಿ, ನೀನು ಹೊರಗೇ ನಿಲ್ಲು, ನಾನು ಒಳಗೆ ಹೋಗಿ ಹಾಕಿಸ್ಕೊಂಡು ಬರ್ತೀನಿ, ಅಂದಳು ಅಕ್ಕ. ಮೊಂಡಿ ಅಂತ ಅಕ್ಕನೇ ಇಟ್ಟ ಹೆಸರು, ಮನೆಯಲ್ಲಿ ಎಲ್ಲರ ಬಾಯಲ್ಲೂ ಅದೇ. ಬೇಡ. ಕಲ್ಲು ಒಳಗೇ ಇರಲಿ, ಅವಳ ಮುಂದೆ ಕೈ ಚಾಚಲ್ಲ. ಕಲ್ಲು ಒಳಗಿದ್ರೆ ನೀನೂ ಕಲ್ಲಾಗ್ತೀಯ. ಆದ್ರೆ ಆಗ್ತೀನಿ. ಡಿಪೋದಲ್ಲಿ ಬಸ್ಸು ತೊಳೆದು ಬಂದ ಅಕ್ಕನ ಕೈಬೆರಳು ನೀರಿಗೆ ಸುಕ್ಕುಗಟ್ಟಿತ್ತು, ಆ ಬೆರಳಿನಿಂದಲೇ ಡಬ್ಬದೊಳಗಿನಿಂದ ತನ್ನ ಕಾರ್ಡು ತೆಗೆದು ಇವಳ ಮಡಿಲಿಗೆ ಹಾಕಿದಳು, ತಗೋ, ನಮ್ಮಿಬ್ಬರ ಮುಖ ನಮ್ಮಮ್ಮನಿಗೇ ಗೊತ್ತಾಗ್ತಿರಲಿಲ್ಲ, ಇವರಿಗೇನು ಗೊತ್ತಾಗುತ್ತೆ.

ಐವತ್ತು. ಒಬ್ಬ ಹೆಂಗಸು ಕೌಂಟರಿಗೆ ಹೋಗಿ ಏನೋ ಕಡಿಮೆ ಅಂತ ವಾಪಸು ಬರುತ್ತಿದ್ದಾಳೆ, ಜೆರಾಕ್ಸು ಇರಬೇಕು, ಯಾವಾಗಲೂ ಜೆರಾಕ್ಸೇ. ಅಕ್ಕ ಮೂರು ದಿನ ಪಾಠ ಹೇಳಿಕೊಟ್ಟಿದ್ದಳು, ಹುಟ್ಟಿದ ವರ್ಷ, ಮನೆ ನಂಬರು, ಗಂಡನ ಹೆಸರು, ಗಂಡನ ಹೆಸರು ಹೇಳು ಅಂದಾಗ ಇವಳಿಗೆ ನಗು, ಭಾವನ ಹೆಸರನ್ನು ಹುಟ್ಟಿದಾಗಿನಿಂದ ಬಾಯಿಬಿಟ್ಟು ಹೇಳಿದ್ದೇ ಇಲ್ಲ, ಭಾವ ಅಂದರೆ ಭಾವ, ಮೂಲೆಯಲ್ಲಿ ಕೂತಿದ್ದ ಭಾವ ಪೇಪರಿನಿಂದ ಮುಖ ಮುಚ್ಚಿಕೊಂಡರು. ನಾಲ್ಕು ದಿನ ಗಂಡನ್ನ ಎರವಲು ಕೊಡ್ತಿದೀನಿ, ಮಡಿಕೆ ಬೀಳದ ಹಾಗೆ ವಾಪಸ್ ಕೊಡು, ಇಸ್ತ್ರಿ ಮಾಡೋಳು ನೀನು. ಅಯ್ಯೋ ಸುಮ್ನಿರೇ, ಅಂದರು ಭಾವ, ಮಕ್ಕಳು ಇದ್ದಿದ್ರೆ ಏನಂದ್ಕೊಳ್ತಿದ್ರು. ಇದ್ದಿದ್ರೆ ಅವರನ್ನೂ ಎರವಲು ಕೊಡ್ತಿದ್ದೆ. ಕಾರ್ಡಿನ ಫೋಟೋದಲ್ಲಿ ಅಕ್ಕ ಕನ್ನಡಕ ಹಾಕಿದ್ದಳು, ಹಾಗಾಗಿ ಅಕ್ಕನ ಕನ್ನಡಕವನ್ನೂ ಹಾಕಿಕೊಳ್ಳಬೇಕಾಯಿತು, ನಾಲ್ಕು ದಿನ ಇಡೀ ಆಸ್ಪತ್ರೆ, ಇದಲ್ಲ, ಬೇರೆಯದು, ನೀರೊಳಗಿನ ಹಾಗೆ ಕಂಡಿತು, ಆಪರೇಷನ್ ಮಾಡಿದ ಡಾಕ್ಟರ ಮುಖ ಇವತ್ತಿಗೂ ಗೊತ್ತಿಲ್ಲ, ಬಿಳಿಯದೊಂದು ಬಂತು, ಮಾತಾಡಿತು, ಹೋಯಿತು, ಎಲ್ಲೆಲ್ಲಿ ಸಹಿ ಅಂದರೋ ಅಲ್ಲೆಲ್ಲ ಅಕ್ಕನ ಸಹಿ ಹಾಕಿದಳು, ಓದಲು ಅಕ್ಷರ ಕಾಣಲಿಲ್ಲ. ಅತ್ತ ಅಕ್ಕ ಕನ್ನಡಕವಿಲ್ಲದೆ ನಾಲ್ಕು ದಿನ ಬಸ್ಸು ತೊಳೆದು, ಒಂದು ಬಸ್ಸಿಗೆ ಎರಡು ಸಲ ನೀರು ಹೊಡೆದು, ಇನ್ನೊಂದಕ್ಕೆ ಹೊಡೆಯದೇ ಬಿಟ್ಟು, ಸೂಪರ್‌ವೈಸರ ಹತ್ತಿರ ಬೈಸಿಕೊಂಡಳು. ಸಿಸ್ಟರು ವಾರ್ಡಿನ ಬಾಗಿಲಿನಿಂದ ಅಕ್ಕನ ಹೆಸರು ಕೂಗುತ್ತಿದ್ದರು, ಮೊದಲ ದಿನ ಮೂರು ಸಲ ಕೂಗಬೇಕಾಯಿತು, ಕಿವಿ ಕೇಳ್ಸಲ್ವಾ, ಅದನ್ನೂ ಬರ್ಕೊಳ್ಳಾ ಕೇಸ್ ಶೀಟಲ್ಲಿ, ಎರಡನೆಯ ದಿನ ಒಂದು ಕೂಗಿಗೇ ಹ್ಞೂಂ ಅಂದಳು, ಮೂರನೆಯ ದಿನ ಕನಸಿನಲ್ಲೂ ಯಾರೋ ಅಕ್ಕನ ಹೆಸರು ಕೂಗಿದರು, ಅವಳೇ ಹ್ಞೂಂ ಅಂದಳು. ಹೊರಡುವಾಗ ಒಂದು ಪುಟ್ಟ ಬಾಟಲಿ ಕೊಟ್ಟರು, ಒಳಗೆ ಕಲ್ಲುಗಳು, ಹಸಿರು ಹಳದಿ, ಜೋಳದ ಕಾಳಿನಷ್ಟು, ಮೇಲೆ ಅಂಟಿಸಿದ ಚೀಟಿಯಲ್ಲಿ ಅಕ್ಕನ ಹೆಸರು. ನನ್ನ ಹೆಸರಿಗೆ ಇರೋ ಆಸ್ತಿ ಇದೊಂದೇ, ಕೊಡಿಲ್ಲಿ ಅಂತ ಅಕ್ಕ ಕಿತ್ತುಕೊಂಡು ಗಡಿಯಾರದ ಪಕ್ಕ ಇಟ್ಟಳು, ಬಂದವರಿಗೆಲ್ಲ ತೋರಿಸುತ್ತಿದ್ದಳು, ಯಾರದ್ದು ಅಂತ ಹೇಳದೆ.

ಅಷ್ಟೇ, ಮುಗಿಯಿತು ಅಂದುಕೊಂಡದ್ದು. ಹೊಟ್ಟೆಯ ಮೇಲೆ ನಾಲ್ಕು ಸಣ್ಣ ಗುರುತು ಉಳಿದವು, ಹೊಕ್ಕುಳ ಹತ್ತಿರ ಒಂದು, ಪಕ್ಕೆಯ ಕೆಳಗೆ ಮೂರು, ಬಟ್ಟೆಗೆ ಬೆಂಕಿ ಕಿಡಿ ಹಾರಿದ ಹಾಗೆ, ಬೇಸಿಗೆಯಲ್ಲಿ ತುರಿಸುತ್ತವೆ, ಈಗಲೂ ತುರಿಸುತ್ತಿವೆ, ಬೆಂಚಿನ ಮೇಲೆ ಕೆರೆದುಕೊಳ್ಳುವ ಹಾಗಿಲ್ಲ. ಹೊಸ ಕಾರ್ಡಿನ ಮಾತನ್ನು ಅಕ್ಕ ಆಮೇಲೂ ಎತ್ತಿದ್ದಳು, ಈ ಸಲ ದಾಟಿದ್ವಿ, ಪ್ರತಿ ಸಲ ದಾಟೋಕಾಗಲ್ಲ, ಹೋಗಿ ಸಹಿ ಹಾಕಿಸ್ಕೋ, ಇವಳು ನೋಡೋಣ ಅಂದಳು, ನೋಡೋಣ ಅಂದರೆ ನೋಡುವುದಿಲ್ಲ ಅಂತ ಇಬ್ಬರಿಗೂ ಗೊತ್ತಿತ್ತು. ನಗು ಬರುವ ವಿಷಯವೆಂದರೆ ಅವಳ ಕೆಲಸವೇ ಅದು, ಒಬ್ಬರದು ಇನ್ನೊಬ್ಬರಿಗೆ ಹೋಗದ ಹಾಗೆ ನೋಡಿಕೊಳ್ಳುವುದು. ಏಳು ಲಾಡ್ಜುಗಳ ಚಾದರ ಬರುತ್ತವೆ, ಎಲ್ಲಾ ಬಿಳಿಯವೇ, ಅಂಚಿನಲ್ಲಿ ದಾರದ ಗುರುತು, ಸ್ಟೇಷನ್ ಎದುರಿನ ಲಾಡ್ಜಿಗೆ ಕೆಂಪು, ಸೇತುವೆಯ ಪಕ್ಕದ್ದಕ್ಕೆ ನೀಲಿ, ಎರಡು ಹಸಿರು ಗಂಟು ಇದ್ದರೆ ಮದುವೆ ಹಾಲಿನದು, ಬೆಳಗಿನಿಂದ ಸಂಜೆಯ ತನಕ ಆ ಗುರುತು ಹುಡುಕಿ ಹುಡುಕಿ ಕಟ್ಟು ಕಟ್ಟುವುದು, ಹದಿನಾಲ್ಕು ವರ್ಷದಲ್ಲಿ ಒಂದು ದಿಂಬಿನ ಚೀಲ ಅದಲುಬದಲಾಗಿಲ್ಲ. ಯಜಮಾನರು ಹೊಸ ಹುಡುಗಿಯರಿಗೆ ಇವಳನ್ನೇ ತೋರಿಸುತ್ತಾರೆ, ನೋಡಿ ಕಲೀರಿ. ತನ್ನ ಹೊಟ್ಟೆಯೊಳಗಿನದಕ್ಕೆ ಅಕ್ಕನ ದಾರ ಕಟ್ಟಿ ಕಳಿಸಿದವಳು. ಐವತ್ತೆರಡು. ಐವತ್ತೊಂದು ಯಾವಾಗ ಹೋಯಿತೋ.

ಅಕ್ಕನಿಗೂ ಅದೇ ಜಾಗದಲ್ಲಿ ನೋವು ಬಂತು. ಬರದೆ ಏನು, ಒಂದೇ ಹೊಟ್ಟೆಯಲ್ಲಿ ಹುಟ್ಟಿದವರು, ಒಂದೇ ಪಾತ್ರೆಯಲ್ಲಿ ತಿಂದವರು. ಇಪ್ಪತ್ತೇಳು ದಿನದ ಹಿಂದೆ, ಮಂಗಳವಾರ, ಡಿಪೋದಿಂದ ನೇರ ಲಾಂಡ್ರಿಗೇ ಬಂದಳು, ಗಮ್ ಬೂಟು ಕೂಡ ಬಿಚ್ಚಿರಲಿಲ್ಲ, ನಿನ್ನ ಕಾಯಿಲೆ ನಂಗೆ ಬಂತು ಕಣೇ, ಎರವಲು ತಗೊಂಡಿದ್ದು ಬಡ್ಡಿ ಸೇರಿಸಿ ವಾಪಸ್ ಕೊಟ್ಟೆ ನೀನು. ಆಗಲೂ ನಕ್ಕಳು, ನಕ್ಕು ಬಗ್ಗಿ ನಿಂತಳು. ಸ್ಕ್ಯಾನಿಂಗ್ ಮಾಡಿಸಿದರು, ಕಲ್ಲಿದೆ, ಊದಿಕೊಂಡಿದೆ, ಈ ವಾರವೇ ತೆಗೆಯಬೇಕು. ಅದನ್ನು ಹಿಡಿದು ಈ ಹಾಲಿಗೆ ಬಂದು ಈ ಬೆಂಚಿನಲ್ಲಿ ಕೂತರು. ಅಲ್ಲಿಯ ತನಕ ಇಬ್ಬರಿಗೂ ಹೊಳೆದಿರಲಿಲ್ಲ, ಇದನ್ನು ಹೇಳಿದರೆ ಯಾರೂ ನಂಬುವುದಿಲ್ಲ, ಆದರೆ ನಿಜವಾಗಿ ಹೊಳೆದಿರಲಿಲ್ಲ, ಕಾರ್ಡು ಅಂದರೆ ಬಸ್ ಪಾಸಿನ ಹಾಗೆ, ತೋರಿಸಿದರೆ ಹತ್ತಿಸಿಕೊಳ್ಳುತ್ತಾರೆ ಅಂತಲೇ ಇತ್ತು, ಅದು ಒಳಗಿರುವುದನ್ನೆಲ್ಲ ಲೆಕ್ಕ ಇಟ್ಟುಕೊಂಡಿರುತ್ತದೆ ಅಂತ ಯಾರಿಗೆ ಗೊತ್ತು. ಕೌಂಟರಿನವರು ಅವತ್ತೂ ಇವರೇ, ಓದುವ ಸಾಲಿನ ಕೆಳಗೆ ಸ್ಕೇಲು ಇಟ್ಟುಕೊಂಡು ಓದುವವರು, ಅಕ್ಕ ಕಿವಿಯಲ್ಲಿ ಸ್ಕೇಲ್ ಮಾಸ್ಟರು ಅಂದಿದ್ದಳು. ಅವರು ಕಂಪ್ಯೂಟರ್ ನೋಡಿದರು, ಸ್ಕ್ಯಾನಿಂಗ್ ನೋಡಿದರು, ಮತ್ತೆ ಕಂಪ್ಯೂಟರ್. ಏನಮ್ಮ, ನಿಮ್ಮ ಪಿತ್ತಕೋಶ ಎರಡು ವರ್ಷದ ಹಿಂದೇನೇ ತೆಗೆದಾಗಿದೆಯಲ್ಲ. ಪಕ್ಕದಲ್ಲಿ ಕಾಗದಕ್ಕೆ ಸಹಿ ಹಾಕುತ್ತಿದ್ದ ಚಿಕ್ಕ ವಯಸ್ಸಿನ ಡಾಕ್ಟರು ಕತ್ತೆತ್ತಿ, ತೆಗೆದಿದ್ದು ಮತ್ತೆ ಬೆಳೆಯೋಕೆ ಅದೇನು ಉಗುರಾ ಅಂದರು, ಸಾಲಿನಲ್ಲಿದ್ದವರು ನಕ್ಕರು, ಅಕ್ಕನೂ ನಕ್ಕಳು. ಹೊಟ್ಟೆ ಮೇಲೆ ಗುರುತೇನಾದ್ರೂ ಇದೆಯಾಮ್ಮ. ಇಲ್ಲ ಸಾರ್, ಬೇಕಾದ್ರೆ ಸಿಸ್ಟರು ನೋಡಲಿ, ಚರ್ಮ ಹುಟ್ಟಿದಾಗ ಇದ್ದ ಹಾಗೇ ಇದೆ. ಪಕ್ಕದ ಕುರ್ಚಿಯಲ್ಲಿ ನಾಲ್ಕು ಗುರುತು ಸೆರಗಿನ ಕೆಳಗೆ ಉರಿಯುತ್ತಿದ್ದವು. ಸ್ಕೇಲು ಮೇಜಿನ ಮೇಲೆ ನಿಂತಿತು. ನಿಮ್ಮ ಕಾರ್ಡನ್ನ ಬೇರೆ ಯಾರಾದ್ರೂ ಬಳಸಿದ್ರಾ. ಅಕ್ಕ ಸ್ಕ್ಯಾನಿಂಗ್ ಕವರನ್ನು ಬಲಗೈಗೆ ತೆಗೆದುಕೊಂಡಳು. ಅವರು ಇನ್ನೊಂದು ಸಲ ಕೇಳಿದರು, ನಿಧಾನ, ಬೇರೆ ಯಾರಾದ್ರೂ. ಆಗ ಮೇಜಿನ ಕೆಳಗೆ ಅಕ್ಕನ ಕೈ ಬಂದು ಇವಳ ಮಂಡಿ ಒತ್ತಿತು.

ಒತ್ತಿತು, ಗಟ್ಟಿಯಾಗಿ, ಐದೂ ಬೆರಳು ಬೇರೆ ಬೇರೆ ತಿಳಿಯುವ ಹಾಗೆ. ಸುಮ್ಮನಿರು ಅಂತ ಇವಳು ತಿಳಿದಳು. ಕೌಂಟರಿನ ಹಿಂದಿನ ಗೋಡೆಯ ಮೇಲೆ ದೊಡ್ಡ ಅಕ್ಷರದಲ್ಲಿ, ಕಾರ್ಡನ್ನು ಇತರರಿಗೆ ನೀಡುವುದು ಶಿಕ್ಷಾರ್ಹ ಅಪರಾಧ, ಕನ್ನಡಕವಿಲ್ಲದ ಅವಳ ಕಣ್ಣಿಗೆ ಒಂದೊಂದು ಅಕ್ಷರವೂ ಕಂಡಿತು, ಶಿಕ್ಷೆ ಅಂದರೆ ಜೈಲು, ಬೇರೆ ಶಿಕ್ಷೆ ಅವಳಿಗೆ ಗೊತ್ತಿರಲಿಲ್ಲ. ಯಾರೂ ಬಳಸಿಲ್ಲ ಸಾರ್, ಅವರೇ ತಪ್ಪು ಬರ್ಕೊಂಡಿರಬೇಕು ಅಂದಳು. ಅಂದದ್ದು ಅಕ್ಕ ಅಲ್ಲ. ಇವಳು. ಇದನ್ನು ಭಾವನಿಗೂ ಹೇಳಿಲ್ಲ, ಭಾವ ಅಂದುಕೊಂಡಿರುವುದು ಅಕ್ಕನೇ ಹೇಳಿದಳು ಅಂತ. ಹಾಗಾದ್ರೆ ಆ ಆಸ್ಪತ್ರೆ ಮೇಲೆ ದೂರು ಕೊಡಿ, ತನಿಖೆ ಆಗುತ್ತೆ, ಆಗೋ ತನಕ ಕಾರ್ಡ್ ನಿಲ್ಲಿಸಿರ್ತೀವಿ. ಎಷ್ಟು ದಿನ ಸಾರ್. ಹೇಳೋಕಾಗಲ್ಲಮ್ಮ, ಅವರು ಬರೀಬೇಕು, ಇವರು ನೋಡಬೇಕು. ಅಕ್ಕ ದೂರಿಗೆ ಸಹಿ ಹಾಕಿದಳು. ಹೊರಗೆ ಬಂದು ನಲ್ಲಿ ಹತ್ತಿರ ನೀರು ಕುಡಿದು, ಸೆರಗಿನಿಂದ ಬಾಯಿ ಒರೆಸಿಕೊಂಡು, ಪಾಪ ಆ ಆಸ್ಪತ್ರೆಯವರು, ಚೆನ್ನಾಗಿ ನೋಡ್ಕೊಂಡಿದ್ರು ನಿನ್ನ, ಅಂದಳು. ಅಷ್ಟೇ ಅಂದದ್ದು. ಬೈದಿದ್ದರೆ ಆಗುತ್ತಿತ್ತು. ಬೈಯುವ ಬಾಯಿ ಅದು, ಡಿಪೋದ ಡ್ರೈವರುಗಳೇ ಹೆದರುತ್ತಿದ್ದರು, ಅವತ್ತು ಬೈಯಲಿಲ್ಲ.

ಮುದುಕ ಎಕ್ಸ್‌ರೇ ಬೀಸುವುದನ್ನು ನಿಲ್ಲಿಸಿದ್ದಾನೆ, ನಿದ್ದೆ. ಸರ್ಕಾರದ ದೊಡ್ಡ ಆಸ್ಪತ್ರೆಯಲ್ಲಿ ಕಾರ್ಡಿಲ್ಲದೆ ಮಾಡುತ್ತಾರೆ, ಆದರೆ ಮೂರು ವಾರ ಬಿಟ್ಟು ತಾರೀಕು ಕೊಟ್ಟರು, ಅಲ್ಲಿಯ ತನಕ ಮಾತ್ರೆ. ಮಾತ್ರೆಗೆ ಮೂರನೆಯ ದಿನ ನೋವು ಇಳಿಯಿತು, ಅದೇ ಕೆಟ್ಟದ್ದಾಯಿತು, ಇಳಿಯದಿದ್ದರೆ ಎಲ್ಲಿಗಾದರೂ ಎತ್ತಿಕೊಂಡು ಓಡುತ್ತಿದ್ದರು, ಇಳಿದದ್ದಕ್ಕೆ ಅಕ್ಕ ನಾಲ್ಕನೆಯ ದಿನ ಬೂಟು ಹಾಕಿಕೊಂಡು ಡಿಪೋಕ್ಕೆ ಹೋದಳು. ಐದನೆಯ ದಿನ ಭಾನುವಾರ ಇವಳು ಅಕ್ಕನ ಮನೆಗೆ ಹೋಗಿದ್ದಳು, ಭಾವನ ಕಾಲಿಗೆ ಅಕ್ಕ ಬ್ಯಾಂಡೇಜು ಸುತ್ತುತ್ತಿದ್ದಳು, ಸುತ್ತುತ್ತಾ ಕತ್ತೆತ್ತದೆ ಕೇಳಿದಳು, ನಾವೇ ಹೋಗಿ ಹೇಳಿಬಿಟ್ರೆ ಏನಾಗುತ್ತೆ ಮೊಂಡಿ. ಏನಾಗುತ್ತೆ, ಇಬ್ಬರೂ ಒಳಗೆ ಹೋಗ್ತೀವಿ. ಒಳಗೆ ಊಟ ಹಾಕ್ತಾರಂತೆ, ಬಸ್ಸು ತೊಳೆಯೋದು ತಪ್ಪುತ್ತೆ ನಂಗೆ. ಭಾವನ್ನ ಯಾರು ನೋಡ್ಕೋತಾರೆ. ಹ್ಞಾಂ, ಅದೊಂದು ಇದೆ ಅಂದಳು ಅಕ್ಕ, ಬ್ಯಾಂಡೇಜಿನ ತುದಿ ಹರಿದು ಗಂಟು ಹಾಕಿದಳು. ಅಕ್ಕ ಹಾಸ್ಯಕ್ಕೆ ಕೇಳಿದ್ದು ಅಂದುಕೊಂಡಳು, ಅಕ್ಕ ಎಲ್ಲವನ್ನೂ ಹಾಸ್ಯಕ್ಕೇ ಕೇಳುತ್ತಿದ್ದಳು, ಹಸಿವಾದರೂ ಹಾಸ್ಯವೇ, ಇನ್ನು ಬೇರೆ ಯಾವ ದನಿಯಲ್ಲಿ ಕೇಳಬೇಕಿತ್ತು ಅವಳು. ಭಾವನ್ನ ಯಾರು ನೋಡ್ಕೋತಾರೆ ಅಂದದ್ದು ಭಾವನ ಮೇಲಿನ ಕಾಳಜಿಯಿಂದ ಅಲ್ಲ. ಹೆದರಿಕೆ. ಲಾಂಡ್ರಿಯ ಯಜಮಾನರ ಮುಂದೆ, ಚಾದರದ ಎದುರು ತುದಿ ಹಿಡಿಯುವವಳ ಮುಂದೆ ಪೊಲೀಸು ಬಂದು ನಿಂತರೆ, ಹದಿನಾಲ್ಕು ವರ್ಷದ ಹೆಸರು, ಸುದ್ದಿ ಹೇಗೋ ಅತ್ತೆಯ ಬೀದಿಗೆ ಮುಟ್ಟಿದರೆ — ಹೌದು, ಅದೂ ಇತ್ತು, ಅದೇ ಮೊದಲಿತ್ತು. ಆರನೆಯ ದಿನ ಜ್ವರ. ಏಳನೆಯ ದಿನ ಅಕ್ಕನ ಕಣ್ಣು ಹಳದಿ, ಬೆಳಕಿಗೆ ಹಾಗೆ ಕಾಣ್ತಿದೆ ಬಿಡು ಅಂದಳು. ಎಂಟನೆಯ ದಿನ ಮಧ್ಯಾಹ್ನ ಬಸ್ಸಿನೊಳಗೆ ಸೀಟಿನ ಕೆಳಗೆ ಗುಡಿಸುತ್ತಿದ್ದವಳು ಅಲ್ಲೇ ಮಲಗಿದಳು, ಕಂಡಕ್ಟರು ಯಾರೋ ಪ್ಯಾಸೆಂಜರು ಇಳಿಯದೆ ನಿದ್ದೆ ಹೋಗಿದ್ದಾರೆ ಅಂದುಕೊಂಡು ಎಬ್ಬಿಸಲು ಹೋದ. ಒಳಗೆ ಒಡೆದಿತ್ತು. ದೊಡ್ಡ ಆಸ್ಪತ್ರೆಯವರು ಆಗ ತಾರೀಕು ಕೇಳಲಿಲ್ಲ, ಕಾರ್ಡು ಕೇಳಲಿಲ್ಲ, ಸಂಜೆಗೇ ಹೊಟ್ಟೆ ಕೊಯ್ದರು, ತೆಗೆದರು, ಮಾಡಬೇಕಾದದ್ದನ್ನೆಲ್ಲ ಮಾಡಿದರು. ಒಂಬತ್ತನೆಯ ದಿನ ಬೆಳಿಗ್ಗೆ ಅಕ್ಕ ತೀರಿಕೊಂಡಳು, ಹತ್ತೂಕಾಲಕ್ಕೆ ಹೊರಗೆ ಬಂದು ಭಾವನ ಹೆಸರು ಕರೆದರು, ಭಾವ ಕುಂಟುತ್ತ ಏಳುವಷ್ಟರಲ್ಲಿ ಇವಳು ಹೋದಳು, ನೀವು ಏನಾಗಬೇಕು, ತಂಗಿ ಅಂದಳು.

ಐವತ್ತನಾಲ್ಕು. ಹೋದ ವಾರ ಅತ್ತೆಯ ಮನೆಗೆ ಹೋಗಿದ್ದಳು. ಯಾಕೆ ಹೋದಳು ಎಂದರೆ ಇನ್ನು ಹೋಗದಿರಲು ಕಾರಣ ಉಳಿದಿರಲಿಲ್ಲ, ಮಾನ ಅಂತ ಹಿಡಿದುಕೊಂಡದ್ದು ಕೈಯಲ್ಲಿ ಒದ್ದೆ ಕಾಗದದ ಹಾಗೆ ಹರಿದುಹೋಗಿತ್ತು. ಬೀದಿ ಹಾಗೇ ಇತ್ತು, ಹೊಸಿಲಿಗೆ ಹೊಸದಾಗಿ ಸಿಮೆಂಟು ಬಳಿದಿದ್ದರು, ಮೆಟ್ಟಿದಳು, ಏನೂ ಆಗಲಿಲ್ಲ, ಯಾರೂ ನಾಯಿ ಅನ್ನಲಿಲ್ಲ. ಅತ್ತೆ ಕುರ್ಚಿಯಲ್ಲಿ ಕೂತು ಟೀವಿ ನೋಡುತ್ತಿದ್ದಳು, ಸಣ್ಣಗಾಗಿದ್ದಳು, ಓ ನೀನಾ, ಊಟ ಆಯ್ತಾ, ಕೂತ್ಕೋ. ಸಹಿ ಬೇಕಿತ್ತು ಅತ್ತೆ, ಪಟ್ಟಿಯಿಂದ ಹೆಸರು ತೆಗೆಸೋಕೆ. ಕೊಡು. ಕನ್ನಡಕ ಹುಡುಕಲು ಒಂದು ನಿಮಿಷ, ಸಹಿಗೆ ಒಂದು ನಿಮಿಷ. ಪೆನ್ನು ವಾಪಸು ಕೊಡುತ್ತಾ, ಇದಕ್ಕೆ ಇಷ್ಟು ವರ್ಷ ಬೇಕಾಯ್ತಾ ನಿಂಗೆ, ಅವತ್ತೇ ಬಂದಿದ್ರೆ ಅವತ್ತೇ ಹಾಕ್ಕೊಡ್ತಿದ್ದೆ, ನಂಗೇನು ನಿನ್ನ ಹೆಸರು ಇಟ್ಕೊಂಡು ಪೂಜೆ ಮಾಡ್ಬೇಕಿತ್ತಾ. ಹಾಗೆ ಹೇಳಿ ಟೀವಿಯ ಕಡೆ ತಿರುಗಿದಳು. ಜಗಳಕ್ಕೂ ಸಿಗಲಿಲ್ಲ. ಏಳೂವರೆ ವರ್ಷದಿಂದ ಇವಳು ಬೆನ್ನು ತಿರುಗಿಸಿ ನಿಂತದ್ದು ಅಲ್ಲಿ ಯಾರಿಗೂ ಕಂಡೇ ಇರಲಿಲ್ಲ. ಕೆಟ್ಟ ಮೇಲೆ ಬುದ್ಧಿ ಬಂತು, ಅಟ್ಟ ಮೇಲೆ ಒಲೆ ಉರಿಯಿತು — ಆ ಕಾಗದ ಈಗ ಇದೇ ಚೀಲದಲ್ಲಿದೆ, ಹೊಸ ಕಾರ್ಡಿಗೆ ಅರ್ಜಿ ಹಾಕಿದರೆ ಇಪ್ಪತ್ತು ದಿನದಲ್ಲಿ ಬರುತ್ತದಂತೆ, ಇನ್ನು ತನ್ನ ಹೆಸರಿನಲ್ಲೇ ಕಾಯಿಲೆ ಬೀಳಬಹುದು, ಎಷ್ಟು ಬೇಕಾದರೂ. ಬೆಳಿಗ್ಗೆ ಹೊರಡುವಾಗ ಭಾವ, ನಾನು ಗಂಡ ಅಂತ ಸಹಿ ಹಾಕಿದ್ದೂ ತಪ್ಪೇ, ನನ್ನ ಹೆಸರೂ ಹೇಳು ಅಂದರು. ಬೇಡ ಭಾವ. ಹೇಳು, ನೀನೊಬ್ಬಳೇ ಹೋಗಬೇಡ ಒಳಗೆ. ಚೀಲದಲ್ಲಿ ಒಂದು ಜೊತೆ ಬಟ್ಟೆ, ಟವೆಲು, ಹಲ್ಲುಜ್ಜುವ ಬ್ರಶ್ಶು ಇಟ್ಟುಕೊಂಡು ಬಂದಿದ್ದಾಳೆ, ಜೈಲಿಗೆ ಏನೇನು ಒಯ್ಯಬಹುದು ಅಂತ ಯಾರನ್ನೂ ಕೇಳಲಾಗಲಿಲ್ಲ.

ಐವತ್ತಾರು. ಕಾಲು ಎದ್ದವು, ಅವಳು ಆಮೇಲೆ ಎದ್ದಳು. ಸ್ಕೇಲ್ ಮಾಸ್ಟರು ಕತ್ತೆತ್ತಿ ನೋಡಿ, ಬನ್ನಿ, ಅವರು ಹೇಗಿದಾರೆ ಅಂದರು. ತೀರಿಕೊಂಡಳು ಸಾರ್. ಅವರು ಸ್ಕೇಲನ್ನು ಆ ಕಡೆ ಇಟ್ಟರು, ಈ ಕಡೆ ಇಟ್ಟರು. ಬಾಯಿಪಾಠ ಮಾಡಿಕೊಂಡು ಬಂದದ್ದು ಒಂದೇ ಉಸಿರಿಗೆ ಹೊರಬಂತು, ಎರಡು ವರ್ಷದ ಹಿಂದೆ ಆಪರೇಷನ್ ಆಗಿದ್ದು ನಂಗೆ ಸಾರ್, ಅಕ್ಕನ ಕಾರ್ಡಲ್ಲಿ, ನನ್ನ ಹೊಟ್ಟೆ ಮೇಲೆ ಗುರುತಿದೆ, ಆಸ್ಪತ್ರೆಯವರ ತಪ್ಪಲ್ಲ, ಭಾವನ ಕಾರ್ಡು ಬಿಡಿ, ಬರೋ ಸೋಮವಾರ ಆಪರೇಷನ್, ನನ್ನನ್ನ ಏನು ಬೇಕಾದ್ರೂ ಮಾಡಿ. ಯಾರೂ ತಿರುಗಿ ನೋಡಲಿಲ್ಲ. ಪೊಲೀಸಿಗೆ ಫೋನು ಹೋಗಲಿಲ್ಲ. ಅವರು ಕೆಳಗಿನ ಡ್ರಾಯರು ಎಳೆದು ಒಂದು ಕಟ್ಟಿನಿಂದ ಒಂದು ಹಾಳೆ ತೆಗೆದರು, ಅಚ್ಚಾದ ಹಾಳೆ, ಮೂಲೆ ಮಾಸಿದ್ದು, ಮೇಲೆ ತಲೆಬರಹ: ಕಾರ್ಡನ್ನು ಬೇರೆಯವರು ಬಳಸಿದ ಬಗ್ಗೆ ಸ್ವಯಂ ಹೇಳಿಕೆ. ಕೆಳಗೆ ಸಂಬಂಧ, ಅನ್ವಯಿಸುವುದಕ್ಕೆ ಗುರುತು ಹಾಕಿ: ಅಕ್ಕ–ತಂಗಿ, ಅತ್ತೆ–ಸೊಸೆ, ಅಣ್ಣ–ತಮ್ಮ, ನೆರೆಯವರು, ಇತರೆ. ಮೊದಲನೆಯದೇ ಅಕ್ಕ–ತಂಗಿ. ಚಿಕಿತ್ಸೆ ಪಡೆದ ಅಂಗ, ಅದಕ್ಕೊಂದು ಖಾಲಿ ಗೆರೆ. ಅವಳು ಹಾಳೆಯನ್ನು ತಿರುಗಿಸಿ ನೋಡಿದಳು, ಹಿಂದೆ ಏನೂ ಇರಲಿಲ್ಲ. ಇದು ಯಾವಾಗಿಂದ ಇದೆ ಸಾರ್. ನಾನು ಈ ಸೀಟಿಗೆ ಬರೋಕೆ ಮುಂಚಿಂದ. ತುಂಬಾ ಜನ ಹೀಗೆ ಮಾಡ್ತಾರಾ. ವಾರಕ್ಕೆ ನಾಲ್ಕೈದು, ಮೊದಲ ಸಲ ಆದ್ರೆ ಎಚ್ಚರಿಕೆ ಪತ್ರ ಅಷ್ಟೇ, ತುರ್ತು ಕೇಸಾದ್ರೆ ಅದೇ ದಿನ ಬೀಗ ತೆಗೀತೀವಿ. ಅದೇ ದಿನ. ಹೌದಮ್ಮ, ಮಧ್ಯಾಹ್ನದೊಳಗೆ ಕೊಟ್ರೆ ಸಂಜೆಗೆ. ಹೇಳಲಿಲ್ಲವಲ್ಲ ಸಾರ್ ಅವತ್ತು. ಸ್ಕೇಲ್ ಮಾಸ್ಟರು ಕನ್ನಡಕ ತೆಗೆದು ಕಣ್ಣು ಒತ್ತಿಕೊಂಡರು, ನಾವಾಗಿ ಹೇಳೋ ಹಾಗಿಲ್ಲಮ್ಮ, ಸ್ವಯಂ ಹೇಳಿಕೆ ಅದು, ನೀವಾಗಿ ಹೇಳಬೇಕು, ಅದಕ್ಕೇ ಎರಡು ಸಲ ಕೇಳಿದೆ, ಎರಡನೇ ಸಲ ನಿಮ್ಮನ್ನೇ ನೋಡ್ಕೊಂಡು ಕೇಳಿದೆ.

ಹೌದು, ನೋಡಿದ್ದರು. ಮುಖದಿಂದ ಮುಖಕ್ಕೆ, ಅಕ್ಕನಿಂದ ಇವಳಿಗೆ, ಕಲಿಸಿದ ಪಾಠ ಒಪ್ಪಿಸಲು ಕಾಯುವ ಮೇಷ್ಟರ ಹಾಗೆ. ಆಗಲೇ ಮೇಜಿನ ಕೆಳಗೆ ಆ ಕೈ. ಸುಮ್ಮನಿರು ಅಂತ ಒತ್ತಿದ್ದೋ, ಹೇಳಿಬಿಡು ಅಂತ ಒತ್ತಿದ್ದೋ, ಅಥವಾ ಎರಡೂ ಅಲ್ಲ, ಆ ಹೊತ್ತಿಗೆ ನೋವು ಬಂದು ಸಿಕ್ಕಿದ್ದನ್ನು ಹಿಡಿದುಕೊಂಡದ್ದೋ, ಬಸ್ಸು ತಿರುವಿನಲ್ಲಿ ಸರಳು ಹಿಡಿಯುವ ಹಾಗೆ. ಅವಳು ಪೆನ್ನು ಹಿಡಿದು ಅಕ್ಕ–ತಂಗಿ ಮುಂದೆ ಗುರುತು ಹಾಕಿದಳು. ಅಂಗ, ಪಿತ್ತಕೋಶ. ತನ್ನ ಹೆಸರು ಬರೆದಳು, ಆಸ್ಪತ್ರೆಯ ಕಾಗದದ ಮೇಲೆ ಮೊದಲ ಸಲ ತನ್ನದೇ. ಒತ್ತಿದ್ದು ಎಡಗೈ, ಎಡಗೈಯೇ, ಬಲಗೈಯಲ್ಲಿ ಸ್ಕ್ಯಾನಿಂಗ್ ಕವರು ಇತ್ತು. ಸಹಿ. ಇಲ್ಲಿ ಬೇಡಮ್ಮ, ಅದರ ಕೆಳಗೆ. ಐದು ಬೆರಳು, ನೀರಿಗೆ ಸುಕ್ಕುಗಟ್ಟಿದ್ದವು, ಸೀರೆಯ ಮೇಲಿಂದಲೂ ಒದ್ದೆ ತಿಳಿದಿತ್ತು. ಕೊನೆಯದೊಂದು ಗೆರೆ ಉಳಿಯಿತು, ಹೇಳಿಕೆ ನೀಡಲು ತಡವಾದ ದಿನಗಳು, ಅದನ್ನು ನಾನೇ ತುಂಬ್ತೀನಿ ಅಂತ ಸ್ಕೇಲ್ ಮಾಸ್ಟರು ಹಾಳೆ ತಿರುಗಿಸಿಕೊಂಡರು, ಗೋಡೆಯ ಕ್ಯಾಲೆಂಡರಿಗೆ ಸ್ಕೇಲು ಹಿಡಿದು ದೂರು ಕೊಟ್ಟ ಮಂಗಳವಾರದಿಂದ ಒಂದೊಂದೇ ಮನೆ ಎಣಿಸಿದರು, ಇಪ್ಪತ್ತೈದು, ಇಪ್ಪತ್ತಾರು, ಇಪ್ಪತ್ತೇಳು.

ಒಂಬತ್ತು ಬರೀರಿ ಸಾರ್.

ಇವತ್ತಿನ ತನಕ ಲೆಕ್ಕ ಹಾಕಬೇಕಮ್ಮ, ಇಪ್ಪತ್ತೇಳಾಗುತ್ತೆ.

ಇಲ್ಲ ಸಾರ್. ಒಂಬತ್ತು.